ಅಪ್ಪಾಜಿಯ ಟ್ರಂಕಿನಲ್ಲಿ ಸಿಕ್ಕ ಪುಸ್ತಕ: ಮಂಗಳೂರಿನ ಸಂತ ಅಲೋಶಿಯಸ್ ಹೈಸ್ಕೂಲ್ ಬಗ್ಗೆ ಗೊತ್ತಿರುವವರು ಇದ್ದೀರಾ?

ಮಂಡಿಪೇಟೆ ಹುಡುಗ, ದಾವಣಗೆರೆ

ಎಲ್ಲರಿಗೂ ನಮಸ್ಕಾರ. ಅಪ್ಪಾಜಿ ತೀರಿಕೊಂಡು ಎಂಟು ತಿಂಗಳಾಯಿತು. ಹೋದ ಭಾನುವಾರ ಧೈರ್ಯ ಮಾಡಿ ಅಟ್ಟದ ಮೇಲಿನ ಟ್ರಂಕು ಇಳಿಸಿದೆವು. ಒಳಗೆ ಎರಡು ಹಳೇ ಧೋತರ, ಹೆಬ್ಬೆರಳು ಗಾತ್ರದ ಒಂದು ಖಾಲಿ ಗಾಜಿನ ಬಾಟಲಿ, ಪೇಪರ್‌ನಲ್ಲಿ ಸುತ್ತಿಟ್ಟ ಒಂದು ಇಂಗ್ಲಿಷ್ ವ್ಯಾಕರಣದ ಪುಸ್ತಕ. ಪುಸ್ತಕದ ಮೊದಲ ಹಾಳೆಗೆ ಚೀಟಿ ಅಂಟಿಸಿದ್ದಾರೆ. ಅದರಲ್ಲಿ ಅಪ್ಪಾಜಿಯ ಹೆಸರು, ಕೈಬರಹಕ್ಕೆ ಬಹುಮಾನ, 1954 ಅಂತ ಇದೆ. ಮೇಲೆ ಶಾಲೆಯ ಮುದ್ರೆ. ಮುದ್ರೆಯಲ್ಲಿ 'ಲೂಸೆಟ್ ಎಟ್ ಆರ್ಡೆಟ್' ಅಂತ ಏನೋ ಬರೆದಿದೆ.

ನಮ್ಮದು ಲಿಂಗಾಯತರ ಮನೆ. ತಾತನದು ಮಂಗಳೂರು ಹಂಚಿನ ವ್ಯಾಪಾರ. ಅಪ್ಪಾಜಿ ಮಂಗಳೂರಲ್ಲಿ ಓದಿದ್ದು ಗೊತ್ತಿತ್ತು, ಪಾದ್ರಿಗಳ ಶಾಲೆಯಲ್ಲಿ ಅನ್ನೋದು ಗೊತ್ತಿರಲಿಲ್ಲ. ಬಂದರಿನ ಹತ್ತಿರ ಹಂಚಿನ ಡಿಪೋ ಹಿಂದಿನ ಕೋಣೆಯಲ್ಲಿ ಇರುತ್ತಿದ್ದರಂತೆ. ಮೀನಿನ ವಾಸನೆಗೆ ಮೊದಲ ತಿಂಗಳು ಸರಿಯಾಗಿ ಊಟವನ್ನೇ ಮಾಡಲಿಲ್ಲವಂತೆ. ಇಷ್ಟು ಬಿಟ್ಟರೆ ಅವರು ಬೇರೇನೂ ಹೇಳಿದವರಲ್ಲ. ಓದು ಮುಗಿಸಿ ಬಂದವರು ಅಂಗಡಿಯ ಗಾದಿ ಮೇಲೆ ಕೂರಲೇ ಇಲ್ಲ, ಮೇಷ್ಟ್ರಾದರು. ಮನೆಗೆ ದೊಡ್ಡ ಮಗ ಬೇರೆ. ತಾತ ಸಾಯೋತನಕ ಅದನ್ನೇ ಆಡಿಕೊಂಡರು.

ಆ ಮಾತಿನ ಅರ್ಥ ಏನು? ಆ ಶಾಲೆ ಎಂಥದು? ತಿಳಿದವರು ಹೇಳಿ.

ದುರ್ಗದ ಬಿಸಿಲು, ಚಿತ್ರದುರ್ಗ

ಅದು ಬ್ರಿಟಿಷರ ಮಿಷನ್ ಶಾಲೆ ಅಲ್ವಾ? ನಿಘಂಟು ಬರೆದ ಕಿಟೆಲ್ ಇದ್ದರಲ್ಲ, ಅವರದೇ ಗುಂಪು ಅನ್ಸುತ್ತೆ. ಹೆಂಚಿನ ಫ್ಯಾಕ್ಟರಿನೂ ಅವರದ್ದೇ.

ಫಾದರ್‌ಗಳ ಶಾಲೆ ಅಂದ್ರೆ ನನಗೆ ನೆನಪಾಗೋದು ದಂಡ. ನಾನು ಓದಿದ ಕಡೆ, ಹೆಸರು ಬೇಡ, ಕನ್ನಡ ಮಾತಾಡಿದರೆ ನಾಲ್ಕಾಣೆ ಕೀಳುತ್ತಿದ್ದರು. ನಮ್ಮ ಕ್ಲಾಸಿನವರೆಲ್ಲ ಬಾಯಿ ಮುಚ್ಚಿಕೊಂಡು ಕಣ್ಣಲ್ಲೇ ಮಾತಾಡೋದು ಕಲಿತೆವು.

ಕೊಡಿಯಾಲದವ, ಪಿ.ಜೆ. ಬಡಾವಣೆ, ದಾವಣಗೆರೆ

ದುರ್ಗದವರೇ, ಎರಡು ಸಂಸಾರ ಒಟ್ಟಿಗೆ ಸೇರಿಸಿಬಿಟ್ಟಿರಲ್ಲ ಮಾರಾಯ್ರೆ! ಕಿಟೆಲ್, 1865ರಲ್ಲಿ ಶುರುವಾದ ಹಂಚಿನ ಕಾರ್ಖಾನೆ, ಇವೆಲ್ಲ ಬಾಸೆಲ್ ಮಿಷನ್ನಿನವರದು. ಅವರು ಪ್ರಾಟೆಸ್ಟಂಟರು, ಮಂಗಳೂರಿಗೆ ಬಂದದ್ದು 1834ರಲ್ಲಿ. ಅಲೋಶಿಯಸ್ ಕಟ್ಟಿದ್ದು ಜೆಸ್ವಿಟ್ ಪಾದ್ರಿಗಳು, ಅಂದರೆ ಯೇಸುಸಭೆ ಅನ್ನೋ ಸಂಘದವರು. ಕೆಥೋಲಿಕರು, ಹೆಚ್ಚಿನವರು ಇಟಲಿಯವರು. ಎರಡೂ ಬ್ರಿಟಿಷರದ್ದಲ್ಲ.

ನಾನು ಅಲ್ಲಿಯದೇ ಹುಡುಗ. 1969ರಲ್ಲಿ ಎಸ್ಸೆಸ್ಸೆಲ್ಸಿ. ಬ್ಯಾಂಕಿನ ವರ್ಗಾವಣೆಯಲ್ಲಿ ಈ ಊರಿಗೆ ಬಂದು, ಬೆಣ್ಣೆದೋಸೆ ರುಚಿ ಹತ್ತಿ, ಇಲ್ಲೇ ಉಳಿದವನು. ಕೊಡಿಯಾಲ್ ಅಂದರೆ ಕೊಂಕಣಿಯಲ್ಲಿ ಮಂಗಳೂರು.

ಮಂಗಳೂರಿನ ಕೆಥೋಲಿಕರಿಗೆ ತಮ್ಮ ಮಕ್ಕಳು ಕಾಲೇಜು ಓದಬೇಕು ಅಂತ ಬಹಳ ಆಸೆ ಇತ್ತು. ಜೆಸ್ವಿಟರನ್ನು ಕಳಿಸಿ ಅಂತ ರೋಮಿಗೇ ಅರ್ಜಿ ಹಾಕಿದರು. 1878ರ ಕೊನೆಗೆ ಪಾದ್ರಿಗಳು ಬಂದಿಳಿದರು. 1880ರ ಜನವರಿ 12ಕ್ಕೆ ಪಾಠ ಶುರು. ಆಮೇಲೆ ಲಾರೆನ್ಸ್ ಲೋಬೋ ಪ್ರಭು ಎಂಬವರು ಗುಡ್ಡದ ಮೇಲೆ ಜಾಗ ಕೊಟ್ಟರು, ಅಲ್ಲಿ ದೊಡ್ಡ ಕಟ್ಟಡ ಎದ್ದಿತು. ಹೆಸರು ನೋಡಿ, ಲೋಬೋನೂ ಹೌದು, ಪ್ರಭುನೂ ಹೌದು. ಮಂಗಳೂರು ಅಂದ್ರೆ ಹಾಗೇ. ಆ ಗುಡ್ಡಕ್ಕೆ ಈಗ ಲೈಟ್‌ಹೌಸ್ ಹಿಲ್ ಅಂತಾರೆ, ಹಳಬರ ಬಾಯಲ್ಲಿ ಬಾವುಟಗುಡ್ಡ. 1837ರಲ್ಲಿ ಸುಳ್ಯ ಕಡೆಯ ರೈತರು ಕಂಪನಿ ಸರ್ಕಾರದ ಮೇಲೆ ದಂಡೆತ್ತಿ ಬಂದು ಬಾವುಟ ಹಾರಿಸಿದ ಜಾಗ. ಹದಿಮೂರು ದಿನ ಊರು ಅವರ ಕೈಯಲ್ಲಿತ್ತು. ಮಧ್ಯಾಹ್ನ ಬುತ್ತಿ ಬಿಚ್ಚುವಾಗ ಈ ಕಥೆ ನಮಗೆ ಯಾರೂ ಹೇಳಲಿಲ್ಲ, ದೊಡ್ಡವನಾದ ಮೇಲೆ ಗೊತ್ತಾಯಿತು.

ಇನ್ನು ಚಾಪೆಲ್, ಅಂದರೆ ಅಲ್ಲಿನ ಪ್ರಾರ್ಥನಾ ಮಂದಿರ. ಅದನ್ನು ನೋಡದೆ ಅಲೋಶಿಯಸ್ ನೋಡಿದೆ ಅನ್ನಬೇಡಿ. ಆಂಟೋನಿಯೋ ಮೊಸ್ಕೆನಿ ಅಂತ ಇಟಲಿಯ ಬ್ರದರ್ ಒಬ್ಬರು 1899ರಿಂದ 1901ರವರೆಗೆ ಗೋಡೆ, ಚಾವಣಿ ಒಂದನ್ನೂ ಬಿಡದೆ ಚಿತ್ರ ಬರೆದರು. ಗೋಡೆಯದು ಫ್ರೆಸ್ಕೋ. ಅಂದರೆ ಹಸಿ ಗಾರೆ ಒಣಗುವ ಮುಂಚೆ ಬಣ್ಣ ಹಚ್ಚಬೇಕು. ಗಾರೆ ಒಣಗಿತೋ, ಮುಗೀತು, ಕೆತ್ತಿ ಮತ್ತೆ ಬಳಿಯಬೇಕು. ಚಾವಣಿಯಲ್ಲಿ ಕ್ಯಾನ್ವಾಸ್ ಮೇಲೆ ಎಣ್ಣೆ ಬಣ್ಣದ ಚಿತ್ರಗಳೂ ಇವೆ. ನಮಗೆ ಅಲ್ಲಿ ಪ್ರಾರ್ಥನೆಗಿಂತ ಕತ್ತು ನೋವೇ ಜಾಸ್ತಿ. ನನ್ನ ಪಕ್ಕ ಕೂರುತ್ತಿದ್ದ ಬಂಟರ ಹುಡುಗ ಚಾವಣಿಯ ದೇವದೂತರನ್ನು ಎಣಿಸುತ್ತಿದ್ದ. ಒಂದು ದಿನದ ಲೆಕ್ಕ ಇನ್ನೊಂದು ದಿನಕ್ಕೆ ಕೂಡಿದ್ದೇ ಇಲ್ಲ.

ನಿಮ್ಮಪ್ಪಾಜಿಯಂಥ ಹುಡುಗರು ಬಹಳ ಜನ ಇದ್ದರು. ಕೆಥೋಲಿಕರಿಗೆ ಜ್ಞಾನೋಪದೇಶದ ಪೀರಿಯಡ್, ಮಿಕ್ಕವರಿಗೆ ನೀತಿಪಾಠ. ಹಾಗಾಗಿ ಶೆಟ್ಟರು, ಭಟ್ಟರು, ಬ್ಯಾರಿ ಮುಸ್ಲಿಮರು ಎಲ್ಲರ ಮಕ್ಕಳೂ ಬರುತ್ತಿದ್ದರು. ಜಾರ್ಜ್ ಫೆರ್ನಾಂಡಿಸ್ ಎಸ್ಸೆಸ್ಸೆಲ್ಸಿ ಮಾಡಿದ್ದೂ ಅಲ್ಲೇ. ಬುಕರ್ ಪ್ರಶಸ್ತಿಯ ಅರವಿಂದ ಅಡಿಗರದೂ ಅಲ್ಲೇ, 1990ರಲ್ಲಿ.

ಇನ್ನೊಂದು ಮಾತು. 1954ರಲ್ಲಿ ಮಂಗಳೂರು ಮದರಾಸು ರಾಜ್ಯದಲ್ಲಿತ್ತು, ದಾವಣಗೆರೆ ಮೈಸೂರು ರಾಜ್ಯದಲ್ಲಿ. ಎರಡೂ ಕೂಡಿದ್ದು 1956ರ ನವೆಂಬರ್ 1ಕ್ಕೆ. ಅಂದರೆ ನಿಮ್ಮ ತಾತ ಮಗನನ್ನು ಬರೀ ಘಟ್ಟ ಇಳಿಸಲಿಲ್ಲ, ರಾಜ್ಯವನ್ನೇ ದಾಟಿಸಿದರು. ಹಂಚಿನ ವ್ಯಾಪಾರಿಗೆ ಇಂಗ್ಲಿಷ್ ಕಾಗದ ಬರೆಯುವ ಮಗ ಬೇಕಿತ್ತೇನೋ! ಆಗಿದ್ದು ಮಾತ್ರ ಬೇರೆ.

ಹರಿಹರದ ಟೀಚರ್

ನಾನು ಹರಿಹರ ಮಾತೆಯ ಚರ್ಚಿನ ಹಿಂದಿನ ಬೀದಿಯವಳು. ಮುದ್ರೆಯ ಮಾತು ಲ್ಯಾಟಿನ್. 'ಬೆಳಗುತ್ತದೆ, ಉರಿಯುತ್ತದೆ' ಅಂತ ಅರ್ಥ. ಸ್ನಾನಿಕ ಯೊವಾನ್ನನು ಉರಿಯುವ, ಬೆಳಗುವ ದೀಪ ಅಂತ ಬೈಬಲಿನ ಶುಭಸಂದೇಶದಲ್ಲಿ ಬರುತ್ತಲ್ಲ, ಆ ಮಾತನ್ನೇ ಹೋಲುತ್ತದೆ. ಬರೀ ಬೆಳಗಿದರೆ ಸಾಲದು, ಸುಟ್ಟುಕೊಳ್ಳಲೂಬೇಕು ಅಂತ ನಮ್ಮ ಸಿಸ್ಟರ್ ಒಬ್ಬರು ಹೇಳುತ್ತಿದ್ದರು. ನಮಗಾಗ ಹನ್ನೊಂದು ವರ್ಷ, ಸುಟ್ಟುಕೊಳ್ಳೋದು ಅಂದರೆ ಒಲೆ ಮಾತ್ರ ಗೊತ್ತಿತ್ತು.

ಆ ಸಣ್ಣ ಬಾಟಲಿಯ ಮೇಲೆ ಏನಾದರೂ ಬರೆದಿದೆಯಾ ಅಣ್ಣ? ಹೋಮಿಯೋಪತಿ ಗುಳಿಗೆಯದಿರಬಹುದು. ಫಾದರ್ ಮುಲ್ಲರ್ ಅಂತ ಆಸ್ಪತ್ರೆ ಇದೆಯಲ್ಲ ಕಂಕನಾಡಿಯಲ್ಲಿ, ಆ ಮುಲ್ಲರ್ ಮೊದಲು ಈ ಅಲೋಶಿಯಸ್‌ನಲ್ಲೇ ಪಾಠ ಹೇಳುತ್ತಿದ್ದ ಪಾದ್ರಿ. ಜರ್ಮನಿಯವರು. 1880ರಲ್ಲಿ ಹುಷಾರಿಲ್ಲದ ಹುಡುಗರಿಗೆ ಗುಳಿಗೆ ಕೊಡೋದರಿಂದ ಶುರುವಾಗಿ ಆಸ್ಪತ್ರೆ ತನಕ ಬೆಳೆಯಿತು. ಹೋಮಿಯೋಪತಿ ಕೆಲಸ ಮಾಡುತ್ತೋ ಇಲ್ಲವೋ ಅನ್ನೋ ಜಗಳ ಇಲ್ಲಿ ಬೇಡ, ಸುಮ್ನೆ ಹೇಳಿದೆ. ಕುಷ್ಠರೋಗಿಗಳಿಗೆ 1890ರಲ್ಲೇ ಜಾಗ ಮಾಡಿದರು ಅವರು, ಅದಕ್ಕಾದರೂ ಕೈ ಮುಗಿಯಬೇಕು.

ಮಂಡಿಪೇಟೆ ಹುಡುಗ

ಟೀಚರಮ್ಮ, ಈಗಷ್ಟೇ ಬಾಟಲಿ ಬೆಳಕಿಗೆ ಹಿಡಿದು ನೋಡಿದೆ. ಚೀಟಿ ಅರ್ಧ ಹರಿದಿದೆ. 'ಮುಲ್ಲ' ತನಕ ಓದಕ್ಕಾಗುತ್ತೆ. ಕೊಡಿಯಾಲದ ಅಂಕಲ್, ಇಷ್ಟು ಬರೆದಿದ್ದಕ್ಕೆ ಬಹಳ ಥ್ಯಾಂಕ್ಸ್. ಒಂದೇ ಪ್ರಶ್ನೆ ಉಳಿದಿದೆ. ಈ ಅಲೋಶಿಯಸ್ ಅಂದ್ರೆ ಯಾರು?

ಕೊಡಿಯಾಲದವ

ಅದನ್ನೇ ಬಿಟ್ಟೆ ನೋಡಿ! ಇಟಲಿಯ ಗೊಂಜಾಗ ಮನೆತನದ ಹುಡುಗ, 1568ರಲ್ಲಿ ಹುಟ್ಟಿದ್ದು. ದೊಡ್ಡ ಮಗ, ಅಪ್ಪನ ಪಾಳೆಯಪಟ್ಟು ಅವನಿಗೇ ಬರಬೇಕಿತ್ತು. ತಮ್ಮನಿಗೆ ಬರೆದುಕೊಟ್ಟು ಜೆಸ್ವಿಟರನ್ನು ಸೇರಿದ. ಅಪ್ಪನಿಗೆ ಒಂಚೂರೂ ಇಷ್ಟವಿರಲಿಲ್ಲ. ರೋಮಿನಲ್ಲಿ ರೋಗಿಗಳ ಸೇವೆ ಮಾಡುತ್ತ ತನಗೂ ಪ್ಲೇಗ್ ಅಂಟಿ 1591ರಲ್ಲಿ ತೀರಿಕೊಂಡ. ವಯಸ್ಸು 23. ಪ್ಲೇಗಿನ ಚಿತ್ರವೂ ಚಾಪೆಲಿನಲ್ಲಿದೆ. ಅವನ ಹಬ್ಬ ಜೂನ್ 21.

ಮಂಡಿಪೇಟೆ ಹುಡುಗ

ಅಂಕಲ್, ನಿಮ್ಮ ಉತ್ತರ ಅಮ್ಮನಿಗೆ ಓದಿ ಹೇಳಿದೆ. ಜೂನ್ 21 ಅಂದ ಕೂಡಲೇ ತಡೆದರು. ಅಪ್ಪಾಜಿ ಪ್ರತಿ ವರ್ಷ ಆ ದಿನ ಅಶೋಕ ರಸ್ತೆಯಿಂದ ಬೆಣ್ಣೆ ಬಿಸ್ಕತ್ತು ಕಟ್ಟಿಸಿಕೊಂಡು ತಮ್ಮ ಕ್ಲಾಸಿನ ಮಕ್ಕಳಿಗೆ ಹಂಚುತ್ತಿದ್ದರು. ಯಾಕೆ ಅಂದರೆ 'ಒಬ್ಬ ಗೆಳೆಯನ ಹಬ್ಬ' ಅನ್ನುತ್ತಿದ್ದರಂತೆ. ಅಮ್ಮ ಇಷ್ಟು ವರ್ಷ ಅದು ಯಾರೋ ಮಂಗಳೂರಿನ ಹಂಚಿನ ಸಾಹುಕಾರರ ಮಗ ಅಂದುಕೊಂಡಿದ್ದರು.

ಮಳೆ ನಿಂತ ಮೇಲೆ ಅಮ್ಮನನ್ನು ಕರೆದುಕೊಂಡು ಆಗುಂಬೆ ಮೇಲಿಂದ ಇಳಿಯೋಣ ಅಂತಿದ್ದೀನಿ. ಪುಸ್ತಕಾನೂ ತಗೊಂಡು ಹೋಗ್ತೀನಿ. ಚಾಪೆಲ್ ಒಳಗೆ ನಮ್ಮಂಥವರನ್ನು ಬಿಡ್ತಾರಾ?

ಕೊಡಿಯಾಲದವ

ಧಾರಾಳವಾಗಿ. ಕತ್ತಿಗೆ ಮುಲಾಮು ಇಟ್ಟುಕೊಳ್ಳಿ. ಮತ್ತೆ ದೇವದೂತರನ್ನು ಎಣಿಸಿ ನನಗೊಂದು ಫೋನ್ ಮಾಡಿ.