ಪದ ಬೇಕಾಗಿದೆ: ಮರದ ಹಡಗಿನ ‘ಕಾಕಿಂಗ್’, ‘ಓಕಮ್’, ‘ಆರ್ಡಿನರಿ ಸೀಮನ್’ – ನಾಳೆ ಸಂಜೆಯೊಳಗೆ

ಎಲ್ಲರಿಗೂ ನಮಸ್ಕಾರ.

1805ರಲ್ಲಿ, ಟ್ರಫಾಲ್ಗರ್ ಕಾಳಗದ ಹೊತ್ತಿಗೆ, ಬ್ರಿಟಿಷ್ ನೌಕಾಪಡೆಯ ಎಚ್‌ಎಂಎಸ್ ವಿಕ್ಟರಿ ಹಡಗಿನಲ್ಲಿ ಕೆಳದರ್ಜೆಯ ನಾವಿಕರು ಹೇಗಿದ್ದರು ಎಂಬುದರ ಬಗ್ಗೆ ಶಾಲಾಮಕ್ಕಳಿಗೆ ಫಲಕಗಳು ತಯಾರಾಗುತ್ತಿವೆ. ಕನ್ನಡ ಪಾಠ ನಾಳೆ ಸಂಜೆ ಅಚ್ಚಿಗೆ ಹೋಗಬೇಕು. ಐದು ಕಡೆ ತೊಡಕಾಗಿದೆ.

ಮೊದಲನೆಯದು ಕಾಕಿಂಗ್. ಹಲಗೆಗಳ ಸಂದಿಗೆ ನಾರು ತುಂಬಿ, ಮೇಲೆ ಬಿಸಿ ಪಿಚ್ (ಆರಿದರೆ ಗಟ್ಟಿಯಾಗುವ ಕಪ್ಪು ಅಂಟು) ಸುರಿದು, ನೀರು ಒಳಬರದಂತೆ ಮಾಡುವ ಕೆಲಸ. ಕರಡಿನಲ್ಲಿ ‘ಬೆಸುಗೆ’ ಎಂದಿದೆ. ನನಗೆ ಒಪ್ಪಿಗೆಯಿಲ್ಲ. ಆ ನಾರಿಗೆ ಓಕಮ್ ಎನ್ನುತ್ತಾರೆ, ಅದಕ್ಕೂ ಪದ ಬೇಕು. ಆಮೇಲೆ ಹ್ಯಾಮಕ್ (ನಾವಿಕರ ತೂಗುವ ಬಟ್ಟೆ ಹಾಸಿಗೆ), ಡಾಗ್ ವಾಚ್ (ಸಂಜೆಯ ಚಿಕ್ಕ ಕಾವಲು ಪಾಳಿ; ಕರಡಿನಲ್ಲಿ ‘ನಾಯಿ ಕಾವಲು’ ಎಂದಿದೆ!), ಕೊನೆಗೆ ಆರ್ಡಿನರಿ ಸೀಮನ್. ಕೊನೆಯದಕ್ಕೆ ‘ಸಾಮಾನ್ಯ ನಾವಿಕ’ ಸಾಕೇ?

ವಿ.ಎಂ.

* * *

ಅಚ್ಚಗನ್ನಡದಲ್ಲೇ ಎಲ್ಲಕ್ಕೂ ಆಗುತ್ತದೆ. ಕಾಕಿಂಗ್: ಸಂದಿಜಡಿತ. ಓಕಮ್: ಹುರಿನಾರು. ಹ್ಯಾಮಕ್: ತೂಗುಹಾಸು. ಡಾಗ್ ವಾಚ್: ಕಿರುಜಾವ. ಆರ್ಡಿನರಿ ಸೀಮನ್: ಬರಿಯ ಹಡಗಾಳು. ‘ನಾವಿಕ’ ಸಂಸ್ಕೃತ, ಬೇಡ. ‘ಹಡಗು’ ನಮ್ಮದು, ಹಳಗನ್ನಡದ ‘ಪಡಗು’. ‘ಹಾಯಿ’ಯೂ ನಮ್ಮದು, ತಮಿಳಿನ ‘ಪಾಯ್’ ಅದರ ಒಡಹುಟ್ಟು. ಇಷ್ಟಿರುವಾಗ ಪರರ ಬಾಗಿಲು ತಟ್ಟುವುದೇಕೆ?

ರಾವ್, ಮೈಸೂರು

* * *

ರಾಯರೇ, ‘ಜಡಿತ’ ಎಂದ ಕೂಡಲೇ ಮಕ್ಕಳಿಗೆ ರತ್ನಜಡಿತ ಕಿರೀಟ ಕಾಣುತ್ತದೆ. ನಾಮಪದ ಬೇಡ. ‘ಜಡಿ’ ಎಂಬ ಕ್ರಿಯಾಪದ ಮಾತ್ರ ಸರಿಯಾಗಿದೆ, ಏಕೆಂದರೆ ಅದು ತುಂಬುವ ಕೆಲಸವಲ್ಲ, ಹೊಡೆದು ಇಳಿಸುವ ಕೆಲಸ. ಮೇಡಂ, ಪದ ಆರಿಸುವ ಮೊದಲು ಕೆಲಸ ಹೇಗೆ ನಡೆಯುತ್ತದೆಂದು ನೋಡಿ.

ಹಲಗೆಯ ಸಂದಿ ಹೊರಗೆ ಅಗಲ, ಒಳಗೆ ಕಿರಿದು. ಎರಡೂ ಕಡೆ ಒಂದೇ ಅಗಲವಿದ್ದರೆ ಹೊಡೆದ ನಾರು ಹಿಂದಿನಿಂದ ಹಡಗಿನ ಹೊಟ್ಟೆಗೆ ಉದುರಿಬಿಡುತ್ತದೆ. ಮೊದಲು ಹಳೆಯ, ಕೊಳೆತ ನಾರನ್ನು ಕೊಕ್ಕೆಯಿಂದ ಪೂರ್ತಿ ಕೀಳಬೇಕು. ಅರ್ಧ ಉಳಿಸಿದರೆ ಹೊಸದಕ್ಕೆ ಹಿಡಿತವಿಲ್ಲ. ಬಿಗಿದುಕೊಂಡಿರುವ ಸಂದಿಯನ್ನು ಬೆಣೆಯಂಥ ಕಬ್ಬಿಣದಿಂದ ಬಿಡಿಸಬೇಕು. ಆಮೇಲೆ ನಾರನ್ನು ತೊಡೆಯ ಮೇಲೆ ಹೊಸೆದು ಸಡಿಲ ಎಳೆ ಮಾಡಿ, ಸಣ್ಣ ಸಣ್ಣ ಮಡಿಕೆಯಾಗಿ ಸಂದಿಗೆ ಸಿಕ್ಕಿಸಿ, ಕಬ್ಬಿಣ ಇಟ್ಟು ಕೊಡತಿಯಿಂದ ಹೊಡೆಯುವುದು. ಹಲಗೆ ದಪ್ಪವಿದ್ದಷ್ಟೂ ಎಳೆ ಹೆಚ್ಚು. ಕೊನೆಗೆ ಹಿಡಿಯಿರುವ ದೊಡ್ಡ ಕಬ್ಬಿಣವನ್ನು ಒಬ್ಬ ಹಿಡಿದು, ಇನ್ನೊಬ್ಬ ದೊಡ್ಡ ಕೊಡತಿಯಿಂದ ಬಡಿದು ಗಟ್ಟಿ ಮಾಡುತ್ತಾನೆ. ಮೇಲೆ ಬಿಸಿ ಪಿಚ್. ಆರಿದ ಮೇಲೆ ಹೆಚ್ಚಾದದ್ದನ್ನು ಕೆರೆದು ತೆಗೆಯುವುದು.

ಆ ಕಬ್ಬಿಣಕ್ಕೆ ‘ಉಳಿ’ ಎನ್ನಬೇಡಿ. ಉಳಿ ಕತ್ತರಿಸುತ್ತದೆ. ಇದರ ಅಂಚು ಮೊಂಡು, ಚೂಪಾಗಿದ್ದರೆ ನಾರು ತುಂಡಾಗುತ್ತದೆ. ಕೊಡತಿಯ ತಲೆಯಲ್ಲಿ ಸೀಳುಗಂಡಿಗಳಿರುತ್ತವೆ, ಅದರಿಂದ ಹೊಡೆತಕ್ಕೆ ಠಣ್ ಎಂಬ ನಾದ ಬರುತ್ತದೆ. ಸಂದಿ ಬಿಗಿಯಾದಂತೆ ನಾದ ಬದಲಾಗುತ್ತದೆ. ಕೆಲಸಗಾರ ಅರ್ಧ ಕಿವಿಯಿಂದಲೇ ಕೆಲಸ ಮಾಡುತ್ತಾನೆ.

‘ಬೆಸುಗೆ’ ಖಂಡಿತ ಬೇಡ. ಬೆಸುಗೆ ಎಂದರೆ ಎರಡು ಒಂದಾಗುವುದು. ಇಲ್ಲಿ ಹಲಗೆಗಳು ಒಂದಾಗುವುದಿಲ್ಲ, ಒಂದಾಗಲೂಬಾರದು. ಮರ ಒಣಗಿದರೆ ಕುಗ್ಗುತ್ತದೆ, ನೆನೆದರೆ ಹಿಗ್ಗುತ್ತದೆ. ನಡುವಿನ ನಾರು ಅದಕ್ಕೆ ತಕ್ಕಂತೆ ಬಗ್ಗಬೇಕು.

ನಾಯ್ಕ, ಅಂಕೋಲಾ

* * *

ಇಷ್ಟು ವಿವರ ಬರೆದ ನಾಯ್ಕರು ಇರುವ ಪದವನ್ನೇ ಬಿಟ್ಟರಲ್ಲ! ಮಲಯಾಳದಲ್ಲೂ ತಮಿಳಿನಲ್ಲೂ ಈ ಕೆಲಸಕ್ಕೆ ‘ಕಲಪ್ಪತ್ತು’ ಎಂಬ ಪದ ಇದೆ. ‘ಕಲಂ’ ಎಂದರೆ ಪಾತ್ರೆ, ಹಡಗು. ಕನ್ನಡದಲ್ಲಿ ‘ಕಲ’ ಪಾತ್ರೆಯ ಅರ್ಥದಲ್ಲಿ ಉಳಿದಿದೆ. ‘ಪತ್ತು’ ಎಂದರೆ ಹತ್ತು, ಹಿಡಿ, ಅಂಟು. ಹಡಗಿನ ಅಂಟು, ಕಲಪತ್ತು. ಅಪ್ಪಟ ದ್ರಾವಿಡ ಪದ. ರಾಯರಿಗೂ ಸಂತೋಷ, ಕರಾವಳಿಗೂ ಹತ್ತಿರ. ಇದನ್ನೇ ಹಾಕಿ.

ಪೈ, ಮಂಗಳೂರು

* * *

ಪೈಗಳೇ, ಇದು ಒಪ್ಪುವ ಮಾತಲ್ಲ. ಅರಬ್ಬಿಯಲ್ಲಿ ಈ ಕೆಲಸಕ್ಕೆ ‘ಕಲ್ಫತ’ ಎಂಬ ಕ್ರಿಯಾಪದವಿದೆ. ಪೋರ್ಚುಗೀಸಿನಲ್ಲಿ ಕೆಲಸಗಾರ ‘ಕಲಫಾತೆ’. ಇಟಲಿಯವರದು ‘ಕಲಫತಾರೆ’. ಮೆಡಿಟರೇನಿಯನ್ ಕಡಲಿನ ಸುತ್ತ ಎಲ್ಲ ಬಂದರುಗಳಲ್ಲೂ ಇದೇ ಪದ. ಅದು ನಮ್ಮ ತೀರಕ್ಕೆ ಬಂದ ಮೇಲೆ ಬಾಯಿ ಅದಕ್ಕೆ ‘ಕಲಂ’ ಎಂಬ ಪರಿಚಿತ ವೇಷ ತೊಡಿಸಿದೆ. ವೇಷ ನೋಡಿ ವಂಶ ಹೇಳಬಾರದು.

ಶಾಸ್ತ್ರೀಯವಾಗಿ ಬೇಕಾದರೆ ‘ಸಂಧಿಪೂರಣ’. ಪಿಚ್‌ಗೆ ‘ಅರಗು’.

ಭಟ್, ಶಿರಸಿ

* * *

‘ಸಂಧಿಪೂರಣ’ ವ್ಯಾಕರಣ ತರಗತಿಗೆ ಸರಿ. ‘ಅರಗು’ ಕೀಟದಿಂದ ಬರುವುದು, ಪಿಚ್ ಪೈನ್ ಮರದಿಂದ ಬರುವುದು. ಎರಡೂ ತಪ್ಪು.

ಟಾರ್ ಮತ್ತು ಪಿಚ್ ನಡುವಿನ ವ್ಯತ್ಯಾಸವನ್ನೂ ಹೇಳಿಬಿಡುತ್ತೇನೆ. ಪೈನ್ ಮರದ ಬೇರು, ಬೊಡ್ಡೆಗಳನ್ನು ಗಾಳಿಯಾಡದಂತೆ ಮುಚ್ಚಿ ಸುಟ್ಟಾಗ ಇಳಿಯುವ ತೆಳು ಕಪ್ಪು ದ್ರವ ಟಾರ್. ಅದು ಹಗ್ಗಕ್ಕೆ. ಅದನ್ನೇ ಕಾಯಿಸಿ ಇಂಗಿಸಿದರೆ ಪಿಚ್, ಆರಿದರೆ ಕಲ್ಲಿನ ಹಾಗೆ. ಅದು ಸಂದಿಗೆ. ಎರಡಕ್ಕೂ ‘ಡಾಂಬರು’ ಎಂದರೆ ಓದುವವರಿಗೆ ರಸ್ತೆ ನೆನಪಾಗುತ್ತದೆ. ಟಾರ್‌ಗೆ ‘ಕೀಲೆಣ್ಣೆ’ ಎನ್ನಿ, ಗಾಡಿಯ ಅಚ್ಚಿಗೆ ಹಾಕುತ್ತಿದ್ದದ್ದನ್ನು ಹಳ್ಳಿಯವರು ಬಲ್ಲರು. ಪಿಚ್‌ಗೆ ‘ಗಟ್ಟಿ ಕೀಲು’, ಅಥವಾ ಪಿಚ್ ಎಂದೇ ಬಿಡಿ.

ಇನ್ನು ಓಕಮ್. ಇಲ್ಲಿ ದೊಡ್ಡ ಗುಂಡಿಯಿದೆ, ಬೀಳಬೇಡಿ. ‘ಸೆಣಬಿನ ನಾರು’ ಎಂದು ಬರೆದರೆ ಓದುಗರಿಗೆ ಗೋಣಿಚೀಲ ಕಾಣುತ್ತದೆ. ಗೋಣಿಯ ಸೆಣಬು ನೀರಿನಲ್ಲಿ ಬೇಗ ಕೊಳೆಯುತ್ತದೆ, ಹಡಗಿನ ಹಗ್ಗಕ್ಕೆ ಆಗುವುದಿಲ್ಲ. ಗೊಬ್ಬರಕ್ಕೆ ಬಿತ್ತುವ ಅಪ್ಸೆಣಬು ಬೇರೆ, ಪುಂಡಿ ನಾರು ಬೇರೆ. ವಿಕ್ಟರಿಯಂಥ ಹಡಗುಗಳ ಹಗ್ಗ ಹೆಂಪ್, ಅಂದರೆ ಭಂಗಿ ಗಿಡದ ನಾರು. ಹೆಚ್ಚಿನದು ಬಾಲ್ಟಿಕ್ ಕಡಲಿನ ಮೂಲಕ ರಷ್ಯಾದಿಂದ ಬರುತ್ತಿತ್ತು. ಸವೆದ ಹಗ್ಗವನ್ನು ಗೇಣುದ್ದ ಕತ್ತರಿಸಿ, ಹುರಿ ಬಿಚ್ಚಿ, ಬೆರಳಿನಿಂದ ಎಳೆ ಎಳೆ ಬಿಡಿಸಿದ್ದೇ ಓಕಮ್. ಹಗ್ಗ ಮೊದಲೇ ಕೀಲೆಣ್ಣೆ ಕುಡಿದಿರುವುದರಿಂದ ನಾರು ನೀರಿಗೆ ಜಗ್ಗುವುದಿಲ್ಲ. ಬಿಡಿಸುವವರ ಬೆರಳಿನ ತುದಿ ಮಾತ್ರ ಉಳಿಯುವುದಿಲ್ಲ. ಇಂಗ್ಲೆಂಡಿನಲ್ಲಿ ಇದನ್ನು ಜೈಲಿನ ಕೈದಿಗಳಿಗೂ ಅನಾಥಾಲಯದಂಥ ದುಡಿಮೆಮನೆಗಳ ಬಡವರಿಗೂ ಕೊಡುತ್ತಿದ್ದರು. ‘ಹಳೆ ಹಗ್ಗದ ನಾರು’ ಎಂದರೆ ಇಷ್ಟೂ ಬಂತು. ರಾಯರ ‘ಹುರಿನಾರು’ ತಲೆಕೆಳಗು. ಇದು ಹುರಿ ಬಿಚ್ಚಿದ ನಾರು.

ನಾಯ್ಕ

* * *

ಮೂರು ಪದದ ಕೆಲಸಕ್ಕೆ ಒಂದು ಪದ ಸಾಕಾಗುವಾಗ ವಿವರಣೆಯನ್ನೇ ಹೆಸರು ಮಾಡುವುದು ಸೋಲು. ಹುರಿಯಿಂದ ಬಂದ ನಾರು ಹುರಿನಾರು. ವ್ಯಾಕರಣ ತಪ್ಪಿಲ್ಲ.

ರಾವ್

* * *

ವ್ಯಾಕರಣ ತಪ್ಪಿಲ್ಲ. ಅರ್ಥ ತಪ್ಪಿದೆ.

ನಾಯ್ಕ

* * *

ಭಟ್ಟರೇ, ವೇಷದ ಮಾತು ಹೇಳಿದಿರಿ. ಆದರೆ ದ್ರಾವಿಡ ಕಡಲಿಗರು ಅರಬ್ಬರು ಬರುವ ಮೊದಲು ಸಂದಿ ಮುಚ್ಚದೆಯೇ ಕಡಲಿಗೆ ಇಳಿದಿದ್ದರೇ?

ಪೈ

* * *

ಮುಚ್ಚಿದ್ದರು, ಬೇರೆ ಕ್ರಮದಲ್ಲಿ. ಅರಬ್ಬಿ ಕಡಲಿನ ಹಳೆಯ ಹಡಗುಗಳು ಮೊಳೆ ಹೊಡೆದವಲ್ಲ, ತೆಂಗಿನ ಹುರಿಯಿಂದ ಹೊಲಿದವು. ಹಲಗೆಯ ಅಂಚಿಗೆ ಅಂಚು ಕೂಡಿಸಿ, ಸಂದಿಯ ಮೇಲೆ ನಾರಿನ ಹೊರೆ ಇಟ್ಟು, ಅದರ ಮೇಲೆ ಹೊಲಿಗೆ ಎಳೆಯುತ್ತಿದ್ದರು. ಆಮೇಲೆ ಮೀನೆಣ್ಣೆ ಹಚ್ಚುತ್ತಿದ್ದರು. ಹೊಲಿದ ಹಡಗಿಗೆ ಹೊರಗಿನಿಂದ ಕೊಡತಿಯಲ್ಲಿ ಬಡಿದು ನಾರು ಜಡಿದರೆ ಹೊಲಿಗೆಯೇ ಹರಿಯುತ್ತದೆ. ಆದ್ದರಿಂದ ಕ್ರಮ ಬೇರೆಯಾದಾಗ ಪದವೂ ಹೊರಗಿನಿಂದ ಬಂದದ್ದು ಆಶ್ಚರ್ಯವಲ್ಲ. ವಸ್ತುವಿನ ಜೊತೆ ಪದ ಪ್ರಯಾಣ ಮಾಡುತ್ತದೆ.

ರಾಯರಿಗೂ ಒಂದು ಮಾತು. ‘ಚುಕ್ಕಾಣಿ’ ಅರಬ್ಬಿಯ ಸುಕ್ಕಾನ್. ‘ಲಂಗರು’ ಫಾರ್ಸಿ, ‘ಬಂದರು’ ಫಾರ್ಸಿ. ಇವನ್ನು ತೆಗೆದು ಹಾಕಿ ಒಂದು ಹಡಗನ್ನು ಕನ್ನಡದಲ್ಲಿ ದಡ ಸೇರಿಸಿ ತೋರಿಸಲಿ.

ಭಟ್

* * *

‘ಲಂಗರು’ ಬೇಡದವರು ‘ನಂಗೂರ’ ಎನ್ನಬಹುದು ಎಂದು ಯಾರಾದರೂ ಹೇಳುವ ಮೊದಲೇ ಹೇಳುತ್ತೇನೆ, ತಮಿಳಿನ ಆ ಪದವೂ ಇದೇ ಗುಂಪಿನದು. ನನಗೆ ಗೊತ್ತು. ಬಂದದ್ದು ಬಂದಾಗಿದೆ, ಅದನ್ನು ಓಡಿಸಿ ಎಂದಿಲ್ಲ. ಇಂದು, ಈ ಫಲಕಕ್ಕೆ, ಹೊಸದಾಗಿ ತರುವಾಗ ನಮ್ಮ ಬೇರಿನಿಂದ ಕಟ್ಟಿ ಎಂದೆ. ಅದು ಬೇರೆ ಮಾತು. ಅದನ್ನು ಬಿಟ್ಟುಕೊಡುವುದಿಲ್ಲ.

ರಾವ್

* * *

ದಯವಿಟ್ಟು ಉಳಿದ ಮೂರು ಪದಗಳು. ಸಮಯವಿಲ್ಲ.

ವಿ.ಎಂ.

* * *

ಡಾಗ್ ವಾಚ್‌ಗೆ ರಾಯರ ‘ಕಿರುಜಾವ’ ಆಗದು. ಜಾವ ಎಂದರೆ 3 ಗಂಟೆ, ದಿನಕ್ಕೆ 8. ಹಡಗಿನ ಪಾಳಿ 4 ಗಂಟೆ. ಆಳುಗಳು ಎರಡು ತಂಡ. 24 ಗಂಟೆಗೆ 4ರಂತೆ 6 ಪಾಳಿ ಮಾಡಿದರೆ ಸಂಖ್ಯೆ ಸಮ ಆಗುತ್ತದೆ, ನಡುರಾತ್ರಿಯ ಪಾಳಿ ದಿನವೂ ಅದೇ ತಂಡದ ಪಾಲಿಗೆ ಬೀಳುತ್ತದೆ. ಅದನ್ನು ತಪ್ಪಿಸಲು ಸಂಜೆ 4ರಿಂದ 8ರ ಪಾಳಿಯನ್ನು ಎರಡು ತುಂಡು ಮಾಡಿದರು, 4ರಿಂದ 6, 6ರಿಂದ 8. ಒಟ್ಟು 7, ಬೆಸ ಸಂಖ್ಯೆ. ಹೀಗೆ ಸರದಿ ದಿನದಿನಕ್ಕೆ ತಿರುಗುತ್ತದೆ. ‘ಮೋಟು ಪಾಳಿ’ ಎನ್ನಿ. ನಾಯಿಯನ್ನು ಬಿಟ್ಟುಬಿಡಿ.

ಹ್ಯಾಮಕ್‌ಗೆ ‘ಜೋಲಿ’. ಬಟ್ಟೆಯನ್ನು ಎರಡು ತುದಿಗೆ ಕಟ್ಟಿ ತೂಗುಹಾಕುವುದು ಎಲ್ಲರಿಗೂ ಗೊತ್ತಿರುವ ಜೋಲಿಯೇ. ‘ತೂಗುಮಂಚ’ ಎಂದರೆ ಹಲಗೆಯ ಉಯ್ಯಾಲೆ ಆಗುತ್ತದೆ. ಒಬ್ಬನಿಗೆ ಕೊಟ್ಟ ಅಗಲ 14 ಅಂಗುಲ. ಫಲಕದಲ್ಲಿ ಅಷ್ಟನ್ನೇ ಬರೆದರೆ ಅರ್ಧಸತ್ಯ. ಪಕ್ಕಪಕ್ಕದವರು ಬೇರೆ ಬೇರೆ ತಂಡದವರಾಗಿರುತ್ತಿದ್ದರು, ಒಂದು ತಂಡ ಮೇಲೆ ಕಾವಲಿಗೆ ಹೋದಾಗ ಮಲಗಿದವನಿಗೆ 28 ಅಂಗುಲ ಸಿಗುತ್ತಿತ್ತು. ಬಂದರಿನಲ್ಲಿ ನಿಂತಾಗ ಮಾತ್ರ ಎಲ್ಲರೂ ಒಟ್ಟಿಗೆ ಮಲಗಿ ಒತ್ತಡ. ಬೆಳಿಗ್ಗೆ ಜೋಲಿಯನ್ನು ಸುತ್ತಿ, ಹಗ್ಗದಿಂದ ಬಿಗಿದು, ಹಡಗಿನ ಅಂಚಿನ ಬಲೆಯೊಳಗೆ ಸಾಲಾಗಿ ಜೋಡಿಸುತ್ತಿದ್ದರು. ಕೆಳಗೆ ಫಿರಂಗಿಗಳಿಗೆ ಜಾಗವಾಗುತ್ತಿತ್ತು, ಕಾಳಗದಲ್ಲಿ ಅದೇ ಸಾಲು ಕೋವಿಗುಂಡಿಗೆ ತಡೆಯೂ ಆಗುತ್ತಿತ್ತು.

ಇದಕ್ಕೂ ಮೊದಲ ಪದಕ್ಕೂ ನಂಟಿದೆ, ಬಿಡಬೇಡಿ. ಮೇಲಿನ ಅಟ್ಟದ (ಡೆಕ್) ಸಂದಿ ಸೋರಿದರೆ ನೀರು ಬೀಳುವುದು ಕೆಳಗಿನ ಜೋಲಿಗೆ. ಟ್ರಫಾಲ್ಗರ್ ದಿನ ವಿಕ್ಟರಿಯಲ್ಲಿ 821 ಜನ. ಒದ್ದೆ ಹಾಸಿಗೆ, ಗಾಳಿಯಿಲ್ಲದ ಕೆಳಅಟ್ಟ, ಅಷ್ಟು ಜನರ ಉಸಿರು. ಕಾಯಿಲೆಗೆ ಬೇರೆ ಕಾರಣ ಬೇಕಿಲ್ಲ. ಹಾಗಾಗಿ ಸಂದಿಗೆ ನಾರು ಜಡಿಯುವ ಕೆಲಸ ಬಡಗಿಯ ಸಂಗತಿ ಮಾತ್ರವಲ್ಲ, ಮಲಗುವವನ ಸಂಗತಿ.

ನಾಯ್ಕ

* * *

ಆರ್ಡಿನರಿ ಸೀಮನ್ ಬಗ್ಗೆ ನಾನು ಹೇಳುತ್ತೇನೆ. ‘ಸಾಮಾನ್ಯ ನಾವಿಕ’ ಎಂದರೆ ತಪ್ಪು ಅರ್ಥ. ಅದು ದರ್ಜೆಯ ಹೆಸರು. ಕೆಳಗೆ ಲ್ಯಾಂಡ್ಸ್‌ಮನ್, ಕಡಲು ಕಾಣದವನು, ಹಗ್ಗ ಎಳೆಯಲು, ಅಟ್ಟ ಉಜ್ಜಲು. ನಡುವೆ ಆರ್ಡಿನರಿ, ಕೆಲಸ ಕಲಿತವನು. ಮೇಲೆ ಏಬಲ್ ಸೀಮನ್, ಹಾಯಿ ಮಡಿಸುವುದು, ಚುಕ್ಕಾಣಿ ಹಿಡಿಯುವುದು, ಹಗ್ಗ ಹೆಣೆಯುವುದು ಬಲ್ಲವನು. ಸಂಬಳವೂ ದರ್ಜೆಗೆ ತಕ್ಕಂತೆ. ‘ಹೊಸಬ, ಕಲಿತವ, ನುರಿತವ’ ಎಂದರೆ ಮೂರೂ ಸರಾಗ. ಫಲಕದ ತಲೆಬರಹದಲ್ಲಿ ‘ಸಾಮಾನ್ಯ’ ಬೇಕಿದ್ದರೆ ‘ಸಾಮಾನ್ಯ ಜನರು’ ಎಂದು ಇಡಿ, ದರ್ಜೆಯ ಜೊತೆ ಬೆರೆಸಬೇಡಿ.

ನಮ್ಮ ಕಡೆಯ ದರ್ಜೆಗಳನ್ನು, ಸಾರಂಗ, ತಂಡೇಲ, ಖಲಾಸಿ, ಇಲ್ಲಿ ಅಂಟಿಸುವ ಆಸೆಯೂ ಬೇಡ. ಅವು ಹಿಂದೂಮಹಾಸಾಗರದ ಹಡಗುಗಳ ವ್ಯವಸ್ಥೆ. ವಿಕ್ಟರಿಯವನು ಖಲಾಸಿಯಲ್ಲ. ಹಾಗೆಯೇ ‘ಲಾಸ್ಕರ್’ ಎಂಬುದು ಎಲ್ಲಾದರೂ ಬಂದರೆ ‘ಲಷ್ಕರ’ ಎಂದು ಬರೆಯಬೇಡಿ. ಮೂಲ ಒಂದೇ, ಫಾರ್ಸಿಯ ಸೈನ್ಯ, ಆದರೆ ಕನ್ನಡದಲ್ಲಿ ಅದು ಇಂದಿಗೂ ಸೈನ್ಯವೇ. ಅವರು ಏಷ್ಯಾದ ಹಡಗಾಳುಗಳು. ಇಲ್ಲಿ ರಾಯರ ‘ಹಡಗಾಳು’ ಚೆನ್ನಾಗಿ ಕೂರುತ್ತದೆ, ಒಪ್ಪುತ್ತೇನೆ.

ಭಟ್

* * *

ಸಾಲ ಒಂದೇ ದಿಕ್ಕಿಗೆ ಹರಿದಿಲ್ಲ ಎಂದು ಫಲಕದ ಮೂಲೆಯಲ್ಲಾದರೂ ಹೇಳಿ. ಇಂಗ್ಲಿಷಿನ ‘ಟೀಕ್’ ನಮ್ಮ ತೇಗ, ಮಲಯಾಳದ ತೇಕ್ಕು. ಅವರ ‘ಕಾಯರ್’ ಮಲಯಾಳದ ಕಯರು. ಮಲಬಾರಿನ ತೇಗದಿಂದ ಮುಂಬಯಿಯ ವಾಡಿಯಾ ಹಡಗುಕಟ್ಟೆಯಲ್ಲಿ ಕಟ್ಟಿ 1817ರಲ್ಲಿ ನೀರಿಗಿಳಿಸಿದ ಟ್ರಿಂಕಮಲಿ ಇಂಗ್ಲೆಂಡಿನ ಹಾರ್ಟ್ಲ್‌ಪೂಲ್‌ನಲ್ಲಿ ಇಂದಿಗೂ ತೇಲುತ್ತಿದೆ. ತೇಗ ಓಕ್‌ನಷ್ಟು ಹಿಗ್ಗಿ ಕುಗ್ಗುವುದಿಲ್ಲ, ಸಂದಿ ಹೆಚ್ಚು ಕಾಲ ನಿಲ್ಲುತ್ತದೆ. ಓಕ್‌ನ ಹುಳಿ ಕಬ್ಬಿಣದ ಮೊಳೆಯನ್ನು ತಿನ್ನುತ್ತದೆ, ತೇಗದ ಎಣ್ಣೆ ಕಾಯುತ್ತದೆ.

ಕಲಪತ್ತಿನ ವಿಷಯದಲ್ಲಿ ನನ್ನ ಅಭಿಪ್ರಾಯ ಬದಲಾಗಿಲ್ಲ.

ಪೈ

* * *

ಎಲ್ಲರಿಗೂ ಕೃತಜ್ಞತೆ. ಟ್ರಿಂಕಮಲಿಗೆ ಜಾಗವಿಲ್ಲ, ಕ್ಷಮಿಸಿ. ಮೊದಲ ಫಲಕ ಹೀಗೆ ಹೋಗುತ್ತದೆ:

‘ಸಂದಿಗೆ ನಾರು ಜಡಿಯುವುದು. ಹಳೆ ಹಗ್ಗವನ್ನು ಬಿಚ್ಚಿ ತೆಗೆದ ನಾರನ್ನು ಹಲಗೆಗಳ ಸಂದಿಗೆ ಸಿಕ್ಕಿಸಿ, ಮೊಂಡು ಕಬ್ಬಿಣ ಇಟ್ಟು ಕೊಡತಿಯಿಂದ ಹೊಡೆಯುತ್ತಿದ್ದರು. ಮೇಲೆ ಕಾದ ಪಿಚ್ ಸುರಿಯುತ್ತಿದ್ದರು. ಹಲಗೆಗಳು ಪೂರ್ತಿ ಒಣಗಿ ಸಂದಿ ಅಗಲವಾದಾಗ ಸಾಧ್ಯವಾದಷ್ಟೂ ನಾರು ತುಂಬುತ್ತಿದ್ದರು. ಈ ಕೆಲಸ ಕೆಟ್ಟರೆ ಕೆಳಗೆ ಜೋಲಿಯಲ್ಲಿ ಮಲಗಿದವರು ನೆನೆಯುತ್ತಿದ್ದರು.’

ವಿ.ಎಂ.

* * *

ಮೇಡಂ, ನಾಲ್ಕನೆಯ ವಾಕ್ಯ ತಿದ್ದಿ. ಒಣಗಿ ಬಾಯ್ಬಿಟ್ಟ ಸಂದಿಗೆ ಹಿಡಿಸಿದಷ್ಟೂ ನಾರು ಹೊಡೆದರೆ, ಹಲಗೆ ನೆನೆದು ಹಿಗ್ಗಿದಾಗ ನಾರೂ ಪಿಚ್ಚೂ ಹೊರಗೆ ಉಗುಳಿಕೊಳ್ಳುತ್ತವೆ. ಇನ್ನೂ ಹೆಚ್ಚಾದರೆ ಹಲಗೆಯೇ ಮೊಳೆ ಕಿತ್ತು ಸರಿಯುತ್ತದೆ. ಒಣಗಿರಬೇಕು ನಿಜ, ಒದ್ದೆ ಮರಕ್ಕೆ ಪಿಚ್ ಹಿಡಿಯುವುದಿಲ್ಲ. ಆದರೆ ಹಿಗ್ಗಲು ಎಡೆ ಬಿಡಬೇಕು. ‘ಹಲಗೆ ಒಣಗಿದ್ದಾಗ, ಮುಂದೆ ಹಿಗ್ಗುವುದಕ್ಕೆ ಎಡೆಯಿಟ್ಟು ನಾರು ಜಡಿಯುತ್ತಿದ್ದರು’ ಎಂದು ಬರೆದು ಕಳಿಸಿ.

ನಾಯ್ಕ