ಸಹಾಯ ಬೇಕು: ‘ಯಾರು ಜಾಸ್ತಿ ಹಿಂದುಳಿದವರು?’ ಕಿರುನಾಟಕಕ್ಕೆ

ಎಲ್ಲರಿಗೂ ನಮಸ್ಕಾರ. ಹಾಸ್ಟೆಲ್ ಮಕ್ಕಳಿಗಾಗಿ ಒಂದು ನಗೆನಾಟಕ ಬರೆಯುತ್ತಿದ್ದೇನೆ. ಅರ್ಧಕ್ಕೆ ನಿಂತುಬಿಟ್ಟಿದೆ.

ನಾಡಕಚೇರಿಯ ಸಾಲು. ಜಾತಿ, ಆದಾಯ ಪ್ರಮಾಣಪತ್ರಕ್ಕೆ ಬಂದ ಇಬ್ಬರು ಯಜಮಾನರು. ‘ನಮ್ಮಜ್ಜ ಬರಿಗಾಲಲ್ಲೇ ನಡೆದವರು’ ಅಂತ ಒಬ್ಬರು. ‘ನಮ್ಮಜ್ಜನಿಗೆ ನಡೆಯೋಕೆ ದಾರೀನೇ ಇರಲಿಲ್ಲ’ ಅಂತ ಇನ್ನೊಬ್ಬರು. ಇಬ್ಬರ ಕಾರೂ ಹೊರಗೆ ನೆರಳಲ್ಲಿ ನಿಂತಿದೆ. ಅವರ ಹಿಂದೆ ಒಬ್ಬ ತಾಯಿ, ಆ ದಿನದ ಕೂಲಿ ಬಿಟ್ಟು ಬಂದವಳು. ಸೆರಗಿನ ತುದಿಯಲ್ಲಿ ಗಂಟು ಕಟ್ಟಿದ ಚಿಲ್ಲರೆ. ಪ್ಲಾಸ್ಟಿಕ್ ಕವರಿನಲ್ಲಿ ಮಗಳ ಮಾರ್ಕ್ಸ್ ಕಾರ್ಡ್. ಅವಳು ಮಾತೇ ಆಡುವುದಿಲ್ಲ. ಜಗಳ ಮುಗಿಯುವಷ್ಟರಲ್ಲಿ ಕೌಂಟರ್ ಮುಚ್ಚುತ್ತದೆ.

ನಗು ಆ ಇಬ್ಬರ ಮೇಲೆ ಬೀಳಬೇಕು. ಮೀಸಲಾತಿಯ ಮೇಲಲ್ಲ, ಆ ತಾಯಿಯ ಮೇಲಂತೂ ಅಲ್ಲವೇ ಅಲ್ಲ. ನಮ್ಮ ಮಕ್ಕಳಲ್ಲಿ ಎಷ್ಟೋ ಜನ ಅದೇ ಸಾಲಲ್ಲಿ ನಿಂತು ಬಂದವರು. ಮೊದಲ ಓದಿನಲ್ಲಿ ಎಲ್ಲರೂ ನಕ್ಕರು, ಒಬ್ಬಳು ಹುಡುಗಿ ಮಾತ್ರ ಸುಮ್ನೆ ತಲೆ ತಗ್ಗಿಸಿದಳು. ಅದು ನನ್ನ ಕಣ್ಣಿಂದ ಹೋಗುತ್ತಿಲ್ಲ. ಎಲ್ಲಿ ತಪ್ಪಿದೆ? ನಾಟಕ ಆಡಿಸಿ ಅನುಭವ ಇರುವವರು ಹೇಳಿ. ತಾಯಿಗೆ ಕೊನೆಯಲ್ಲಿ ಒಂದು ಮಾತು ಕೊಡಲೇ, ಇಲ್ಲ ಮೌನವೇ ಸಾಕಾ?

ಇನ್ನೊಂದು ಕೋರಿಕೆ. ಸರ್ಕಾರಿ ಕೆಲಸದಲ್ಲಿ ಹಿಂದುಳಿದವರಿಗೂ ಪಾಲು ಕೊಡುವ ಬಗ್ಗೆ ಮೈಸೂರು ಸಂಸ್ಥಾನ 1918ರಲ್ಲೇ ಮಿಲ್ಲರ್ ಸಮಿತಿ ನೇಮಿಸಿತ್ತು. ದೇವರಾಜ ಅರಸು ಕಾಲದಲ್ಲಿ ಹಿಂದುಳಿದ ವರ್ಗಗಳಿಗಾಗಿ ನೇಮಿಸಿದ ಹಾವನೂರು ಆಯೋಗ 1975ರಲ್ಲಿ ವರದಿ ಕೊಟ್ಟಿತು. ಆಗ ನಿಮ್ಮೂರ ಜಗಲಿಗಳಲ್ಲಿ ಜನ ಏನು ಮಾತಾಡಿಕೊಂಡರು? ನೆನಪಿರುವ ಹಿರಿಯರು ಬರೆಯಿರಿ, ದಯವಿಟ್ಟು. ಪುಸ್ತಕದಲ್ಲಿ ಅಂಕಿ ಅಂಶ ಸಿಗುತ್ತದೆ, ಆ ಮಾತು ಸಿಗುವುದಿಲ್ಲ ಅಲ್ವಾ. ಮುಂದಿನ ಭಾನುವಾರ ರಿಹರ್ಸಲ್ ಇದೆ, ಅದಕ್ಕೆ ಮುಂಚೆ ಸಿಕ್ಕರೆ ತುಂಬಾ ಉಪಕಾರ.