ಕಷಾಯ ಕಹಿಯಾಗುವುದೇಕೆ, ಹಾಲು ಒಡೆಯುವುದೇಕೆ? – ಪ್ರಶ್ನೋತ್ತರ

ಪ್ರಶ್ನೆ: ಭಟ್ರೇ, ನಮಸ್ಕಾರ. ಚಳಿ ಶುರುವಾದ ಮೇಲೆ ಮನೆಯಲ್ಲಿ ಸಂಜೆ ಕಾಫಿ ಬಿಟ್ಟು ಕೊತ್ತಂಬರಿ-ಜೀರಿಗೆ ಕಷಾಯ ಮಾಡುತ್ತಿದ್ದೇವೆ. ಎರಡು ತೊಂದರೆ. ಕುಡಿದ ಮೇಲೆ ಬಾಯಲ್ಲಿ ಕಹಿ ಉಳಿಯುತ್ತದೆ. ಮತ್ತೆ, ಮೂರು ಸಲ ಮಾಡಿದರೆ ಒಂದು ಸಲ ಹಾಲು ಒಡೆಯುತ್ತದೆ. ಪುಡಿಗೆ ಒಂದು ಲೋಟ ಕೊತ್ತಂಬರಿ, ಅರ್ಧ ಲೋಟ ಜೀರಿಗೆ, ಎರಡು ಚಮಚ ಮೆಂತ್ಯ, ಎರಡು ಚಮಚ ಕಾಳುಮೆಣಸು, ನಾಲ್ಕು ಏಲಕ್ಕಿ. ಎಲ್ಲ ಒಟ್ಟಿಗೆ ಹುರಿದು ನುಣ್ಣಗೆ ಪುಡಿ ಮಾಡಿದ್ದೇನೆ. ಕುದಿಯುವ ಹಾಲಿಗೆ ಪುಡಿ, ಬೆಲ್ಲ, ಜಜ್ಜಿದ ಹಸಿ ಶುಂಠಿ ಹಾಕುವುದು. ಎಲ್ಲಿ ತಪ್ಪುತ್ತಿದೆ?

ಉತ್ತರ (ಅಡುಗೆ ಭಟ್ಟರು, ಉಡುಪಿ): ಅಕ್ಕ, ಸಾಮಾನಿನಲ್ಲಿ ಮೆಂತ್ಯ ಒಂದು ಹೆಚ್ಚಾಗಿದೆ, ಉಳಿದದ್ದು ಸರಿ ಇದೆ. ತಪ್ಪಿದ್ದು ಹುರಿಯುವ ಹದ ಮತ್ತು ಹಾಕುವ ಕ್ರಮ.

ಮೊದಲು ಕಹಿಯ ವಿಷಯ. ಎಲ್ಲ ಒಟ್ಟಿಗೆ ಹುರಿದರೆ ಕೊತ್ತಂಬರಿ ಹದಕ್ಕೆ ಬರುವಷ್ಟರಲ್ಲಿ ಜೀರಿಗೆ ಕಪ್ಪಾಗಿರುತ್ತದೆ, ಮೆಂತ್ಯ ಸೀದಿರುತ್ತದೆ. ಕೊತ್ತಂಬರಿ ಕಾಳು ದಪ್ಪ, ಒಳಗೆ ಟೊಳ್ಳು, ಅದಕ್ಕೆ ಬಿಸಿ ಹತ್ತುವುದು ನಿಧಾನ. ಜೀರಿಗೆ ಸಪೂರ, ಎರಡು ನಿಮಿಷ ಸಾಕು. ಆದ್ದರಿಂದ ಒಂದೊಂದನ್ನೂ ಬೇರೆ ಬೇರೆ ಹುರಿಯಬೇಕು, ಇದರಲ್ಲಿ ರಾಜಿ ಬೇಡ.

ಅಳತೆಯನ್ನು ತೂಕದಲ್ಲಿ ಹಿಡಿಯಿರಿ, ಕಾಳು ದಪ್ಪ ಇದ್ದರೆ ಲೋಟ ಬೇಗ ತುಂಬಿ ಲೆಕ್ಕ ತಪ್ಪುತ್ತದೆ. ಕೊತ್ತಂಬರಿ 100 ಗ್ರಾಂ, ಜೀರಿಗೆ 50, ಬಡೆಸೋಂಪು 20, ಕಾಳುಮೆಣಸು 15, ಒಣಶುಂಠಿ 10, ಮೆಂತ್ಯ 5, ಏಲಕ್ಕಿ 5, ಜಾಯಿಕಾಯಿ ಅರ್ಧ. ಒಟ್ಟು 200 ಗ್ರಾಂ ಮೇಲೆ ಪುಡಿ ಸಿಗುತ್ತದೆ, ಸುಮಾರು 80 ಲೋಟ ಕಷಾಯಕ್ಕೆ ಸಾಕು. ಈ ಲೆಕ್ಕದಲ್ಲಿ ಒಂದು ಲೋಟಕ್ಕೆ ಬೀಳುವುದು ನಾಲ್ಕು ಕಾಳು ಮೆಣಸು, ನಾಲ್ಕೈದು ಕಾಳು ಮೆಂತ್ಯ. ಚಳಿ ಜೋರಿದ್ದರೆ ಮೆಣಸನ್ನು 20 ಗ್ರಾಂ ವರೆಗೆ ಏರಿಸಬಹುದು. ಮೆಂತ್ಯವನ್ನು ಮಾತ್ರ ಏರಿಸಬೇಡಿ.

ದಪ್ಪ ತಳದ ಬಾಣಲೆ, ಸಣ್ಣ ಉರಿ. ಕೊತ್ತಂಬರಿಗೆ 6ರಿಂದ 8 ನಿಮಿಷ ಕೈ ಬಿಡದೆ ಆಡಿಸಿ. ಬಣ್ಣ ಒಂದು ಸುತ್ತು ಗಾಢವಾಗಿ, ಕಾಳನ್ನು ಎರಡು ಬೆರಳ ನಡುವೆ ಒತ್ತಿದರೆ ಪಟ್ ಅಂತ ಎರಡು ಹೋಳಾಗಬೇಕು. ಬಗ್ಗಿ ಚಪ್ಪಟೆಯಾದರೆ ಒಳಗೆ ಇನ್ನೂ ಪಸೆ ಇದೆ ಎಂದು ಅರ್ಥ. ಜೀರಿಗೆಯನ್ನು ಘಮ ಬಂದ ಕೂಡಲೇ ತೆಗೆಯಿರಿ. ಬಡೆಸೋಂಪು ಬಿಸಿಯಾದರೆ ಸಾಕು. ಕಾಳುಮೆಣಸು ಒಂದೆರಡು ಸಿಡಿಯುವ ತನಕ.

ಮೆಂತ್ಯದ ಹತ್ತಿರ ಮಾತ್ರ ಕಣ್ಣಿಟ್ಟು ನಿಲ್ಲಬೇಕು. ಒಂದೂವರೆ ನಿಮಿಷ ಏನೂ ಆಗದ ಹಾಗೆ ಹಳದಿಯಾಗಿಯೇ ಇರುತ್ತದೆ. ಆಮೇಲೆ ಅಂಚಿನ ಕಾಳುಗಳು ಮೊದಲು ಹೊಂಬಣ್ಣಕ್ಕೆ, ಅಲ್ಲಿಂದ ತಿಳಿ ಕೆಂಪಿಗೆ ತಿರುಗುತ್ತವೆ, ಹಸಿ ವಾಸನೆ ಹೋಗಿ ಹುರಿದ ಬೀಜದ ಪರಿಮಳ ಬರುತ್ತದೆ. ಒಲೆ ಆರಿಸಿದರೆ ಸಾಲದು, ಆ ಕ್ಷಣಕ್ಕೇ ತಟ್ಟೆಗೆ ಸುರಿಯಬೇಕು. ಬಾಣಲೆಯಲ್ಲೇ ಬಿಟ್ಟರೆ ಅದರ ಕಾವಿಗೇ ಅರ್ಧ ನಿಮಿಷದಲ್ಲಿ ಕಂದಾಗುತ್ತದೆ. ಒಂದು ಚಮಚ ಸೀದ ಮೆಂತ್ಯ ಇಡೀ ಡಬ್ಬ ಪುಡಿಯನ್ನು ಕೆಡಿಸುತ್ತದೆ. ಸೀದರೆ ಎಸೆದು ಬೇರೆ ಹುರಿಯಿರಿ, ಐದು ಗ್ರಾಂಗೆ ಜಿಪುಣತನ ಬೇಡ.

ಪ್ರಶ್ನೆ: ಒಣಶುಂಠಿ, ಜಾಯಿಕಾಯಿಯನ್ನೂ ಹುರಿಯಬೇಕೇ? ನುಣ್ಣಗೆ ಪುಡಿ ಮಾಡಿದರೆ ಏನು ತೊಂದರೆ?

ಉತ್ತರ (ಅಡುಗೆ ಭಟ್ಟರು, ಉಡುಪಿ): ಹುರಿಯುವುದು ಬೇಡ. ಒಣಶುಂಠಿಯನ್ನು ಕುಟ್ಟಾಣಿಯಲ್ಲಿ ಚೂರು ಮಾಡಿ, ಒಲೆ ಆರಿಸಿದ ಬಾಣಲೆಯ ಕಾವಿನಲ್ಲಿ ಐದು ನಿಮಿಷ ಬಿಡಿ. ಇಡಿಯಾಗಿ ಮಿಕ್ಸಿಗೆ ಹಾಕಿದರೆ ಬ್ಲೇಡಿಗೆ ಪೆಟ್ಟು, ನಾರೂ ಉಳಿಯುತ್ತದೆ. ಏಲಕ್ಕಿಯನ್ನು ಸಿಪ್ಪೆ ಸಮೇತ ಅದೇ ಕಾವಿಗೆ ಹಾಕಬಹುದು. ಜಾಯಿಕಾಯಿಯಲ್ಲಿ ಎಣ್ಣೆ ಅಂಶ ಜಾಸ್ತಿ, ಮಿಕ್ಸಿಗೆ ಹಾಕಿದರೆ ಪುಡಿ ಬ್ಲೇಡಿನ ಕೆಳಗೆ ಅಂಟಿ ಗಂಟಾಗುತ್ತದೆ. ಅದನ್ನು ಕೊನೆಗೆ ತುರಿದು ಕೈಯಲ್ಲೇ ಬೆರೆಸಿ.

ಪುಡಿ ತರಿತರಿ ಇರಬೇಕು, ಸಣ್ಣ ರವೆಯ ಹಾಗೆ. ನುಣ್ಣಗಾದರೆ ಜಾಲರಿಯಲ್ಲಿ ನಿಲ್ಲುವುದಿಲ್ಲ, ಲೋಟದ ತಳದಲ್ಲಿ ಕೆಸರು ಕೂರುತ್ತದೆ. ನಿಮಗೆ ಕೊನೆಯ ಗುಟುಕಿನಲ್ಲಿ ಹೆಚ್ಚು ಕಹಿ ಸಿಗುತ್ತಿದ್ದರೆ ಕಾರಣ ಅದೇ. ಇನ್ನೊಂದು, ಹುರಿದದ್ದು ಪೂರ್ತಿ ಆರಿದ ಮೇಲೆಯೇ ಮಿಕ್ಸಿಗೆ ಹಾಕಿ. ಬಿಸಿ ಇದ್ದಾಗ ತಿರುಗಿಸಿದರೆ ಜಾರಿನ ಮುಚ್ಚಳಕ್ಕೆ ಹಬೆ ಹಿಡಿದು ನೀರು ಇಳಿಯುತ್ತದೆ, ಹದಿನೈದು ದಿನದಲ್ಲಿ ಪುಡಿಗೆ ಮುಗ್ಗಲು ವಾಸನೆ. ಮಿಕ್ಸಿಯನ್ನೂ ನಿಲ್ಲಿಸಿ ನಿಲ್ಲಿಸಿ ಓಡಿಸಿ, ಜಾರು ಬಿಸಿಯಾದಷ್ಟೂ ಪರಿಮಳ ಅಲ್ಲೇ ಹಾರಿಹೋಗುತ್ತದೆ.

ಉತ್ತರ (ಕಷಾಯ ಪುಡಿ ತಯಾರಕರು, ಶಿರಸಿ): ಭಟ್ರು ಹೇಳಿದ್ದು ಸರಿ, ಬಡೆಸೋಂಪಿನ ವಿಷಯದಲ್ಲಿ ಮಾತ್ರ ನನ್ನ ಅಭಿಪ್ರಾಯ ಬೇರೆ. 100 ಗ್ರಾಂ ಕೊತ್ತಂಬರಿಗೆ 20 ಗ್ರಾಂ ಹಾಕಿದರೆ ಅದರ ಸಿಹಿ ಪರಿಮಳವೇ ಮುಂದೆ ಬಂದು ಜೀರಿಗೆ ಹಿಂದೆ ಸರಿಯುತ್ತದೆ. 10 ಗ್ರಾಂ ಸಾಕು, ಪೂರ್ತಿ ಬಿಟ್ಟರೂ ಕಷಾಯಕ್ಕೆ ಕೊರತೆ ಇಲ್ಲ.

ಮೆಣಸು ಕೊಳ್ಳುವಾಗ ಒಂದು ಚಮಚವನ್ನು ನೀರಿಗೆ ಹಾಕಿ ನೋಡಿ. ಗಟ್ಟಿ ಕಾಳು ಮುಳುಗುತ್ತದೆ, ಜೊಳ್ಳು ತೇಲುತ್ತದೆ, ಕಲಬೆರಕೆಯ ಪಪ್ಪಾಯಿ ಬೀಜವೂ ತೇಲುತ್ತದೆ. ಮೆಣಸಿನ ತಳಿ ಮಲ್ಲಿಗೆಸರ ಆಗಲಿ ಪಣಿಯೂರು ಆಗಲಿ, ಬಲಿತ ಕಾಳಾಗಿದ್ದರೆ ಆಯಿತು. ಜೊಳ್ಳು ಮೆಣಸಿಗೆ ಖಾರವೂ ಇಲ್ಲ, ಪರಿಮಳವೂ ಇಲ್ಲ, ಆಗ ಜನ ಅಳತೆ ಏರಿಸುತ್ತಾರೆ, ಕಷಾಯಕ್ಕೆ ಬರೀ ಸಿಪ್ಪೆಯ ಒಗರು ಬರುತ್ತದೆ.

ಪ್ರಶ್ನೆ: ಸರಿ, ಪುಡಿ ಹೊಸದಾಗಿ ಮಾಡುತ್ತೇನೆ. ಹಾಲು ಒಡೆಯುವುದಕ್ಕೆ ಏನು ಮಾಡಲಿ ಭಟ್ರೇ?

ಉತ್ತರ (ಅಡುಗೆ ಭಟ್ಟರು, ಉಡುಪಿ): ಹಾಲು ಒಡೆಯಲು ನಿಮ್ಮ ಕ್ರಮದಲ್ಲಿ ಮೂರು ದಾರಿ ಇದೆ: ಹಸಿ ಶುಂಠಿ, ಬೆಲ್ಲ, ಸಂಜೆಯ ಹೊತ್ತಿಗೆ ಹುಳಿಗೆ ತಿರುಗತೊಡಗಿದ ಬೆಳಗಿನ ಹಾಲು. ಯಾವತ್ತು ಮೂರೂ ಒಟ್ಟಾಗುತ್ತವೋ ಆವತ್ತು ಒಡೆಯುತ್ತದೆ. ಅದಕ್ಕೇ ಮೂರು ಸಲಕ್ಕೆ ಒಂದು ಸಲ ಆಗುತ್ತಿದೆ.

ಹಸಿ ಶುಂಠಿಯಲ್ಲಿ ಹಾಲಿನ ಪ್ರೋಟೀನನ್ನು ತುಂಡರಿಸುವ ಕಿಣ್ವ ಇದೆ. ನೀರಿನಲ್ಲಿ ಚೆನ್ನಾಗಿ ಕುದಿದರೆ ಆ ಶಕ್ತಿ ಹೋಗುತ್ತದೆ. ಆದ್ದರಿಂದ ಶುಂಠಿ ಯಾವತ್ತೂ ಮೊದಲು ನೀರಿಗೆ, ಕುದಿ ಹತ್ತಿದ ಮೇಲೆ ಮೂರ್ನಾಲ್ಕು ನಿಮಿಷ. ಪುಡಿಯಲ್ಲಿ ಒಣಶುಂಠಿ ಇದ್ದರೆ ಹಸಿಯದು ಬೇಕಾಗಿಯೇ ಇಲ್ಲ. ಒಣಗಿದ ಶುಂಠಿಯ ಖಾರ ಹಸಿಯದಕ್ಕಿಂತ ತೀಕ್ಷ್ಣ, ಒಂದು ಚಮಚ ಹಸಿ ತುರಿಯ ಜಾಗಕ್ಕೆ ಕಾಲು ಚಮಚ ಒಣ ಪುಡಿ ಸಾಕು.

ಬೆಲ್ಲಕ್ಕೆ ಸ್ವಲ್ಪ ಹುಳಿ ಗುಣ ಇರುತ್ತದೆ, ಹಳೆಯದಾಗಿ ನೀರೊಡೆದ ಬೆಲ್ಲಕ್ಕೆ ಇನ್ನೂ ಹೆಚ್ಚು. ಕುದಿಯುವ ಹಾಲು ಅಷ್ಟು ಹುಳಿಗೂ ತಡೆಯುವುದಿಲ್ಲ. ಹೊಸ ಅಚ್ಚು ಒಡೆದಾಗ ಒಂದು ಪರೀಕ್ಷೆ ಮಾಡಿ: ಸೌಟಿನಲ್ಲಿ ಎರಡು ಚಮಚ ಹಾಲು, ಅದಕ್ಕೆ ಕಡಲೆಯಷ್ಟು ಬೆಲ್ಲ ಹಾಕಿ ಉರಿಯ ಮೇಲೆ ಹಿಡಿಯಿರಿ. ಕುದಿ ಬಂದಾಗ ಸೌಟನ್ನು ಓರೆ ಮಾಡಿದರೆ ಗೋಡೆಯ ಮೇಲೆ ಹಾಲು ನುಣುಪಾಗಿ ಇಳಿಯಬೇಕು. ಸಣ್ಣ ಬಿಳಿ ತರಿ ಅಂಟಿ ನಿಂತರೆ ಆ ಬೆಲ್ಲ ಹಾಲಿನ ಕಷಾಯಕ್ಕೆ ಆಗದು, ಸಾರಿಗೋ ಗೊಜ್ಜಿಗೋ ಇಟ್ಟುಕೊಳ್ಳಿ.

ಎರಡು ಲೋಟಕ್ಕೆ ಕ್ರಮ ಹೀಗೆ. ಒಂದೂವರೆ ಲೋಟ ನೀರು, ಎರಡು ಚಮಚ ಪುಡಿ (ಮಟ್ಟ ಮಾಡಿದ ಸಣ್ಣ ಚಮಚ, ಸುಮಾರು ಎರಡೂವರೆ ಗ್ರಾಂ ಹಿಡಿಯುವುದು). ಪುಡಿಯನ್ನು ತಣ್ಣೀರಿಗೇ ಹಾಕಿ ಒಲೆಗಿಡಿ, ಕುದಿವ ನೀರಿಗೆ ಉದುರಿಸಿದರೆ ಉಕ್ಕಿ ಮೇಲೆ ತೇಲುತ್ತದೆ. ಕುದಿ ಬಂದ ಮೇಲೆ ಸಣ್ಣ ಉರಿಯಲ್ಲಿ 4 ನಿಮಿಷ. ಒಲೆ ಆರಿಸಿ, ಮುಚ್ಚಿ, 3 ನಿಮಿಷ ಬಿಡಿ. ಹಬೆಯಲ್ಲಿ ಹೋಗಬೇಕಿದ್ದ ಏಲಕ್ಕಿ, ಜೀರಿಗೆಯ ಪರಿಮಳ ಮುಚ್ಚಳದಿಂದ ವಾಪಸ್ ಪಾತ್ರೆಗೇ ಬೀಳುತ್ತದೆ. ಬೆಲ್ಲ ಹಾಕಿ ಕದಡಿ, ಸೋಸಿ. ಬೆಲ್ಲದ ಕಸವೂ ಅದರಲ್ಲೇ ನಿಲ್ಲುತ್ತದೆ. ಬೇರೆ ಪಾತ್ರೆಯಲ್ಲಿ ಕಾಯಿಸಿದ ಅರ್ಧ ಲೋಟ ಹಾಲನ್ನು ಆಮೇಲೆ ಬೆರೆಸಿ. ಬೆರೆಸಿದ್ದನ್ನು ಮತ್ತೆ ಕುದಿಸಬೇಡಿ.

ಒಡೆದುಹೋದದ್ದನ್ನು ಸರಿ ಮಾಡಲು ಸೋಡಾ ಹಾಕುವವರಿದ್ದಾರೆ. ಬೇಡ. ತರಿ ಕರಗುವುದಿಲ್ಲ, ರುಚಿಗೆ ಮಾತ್ರ ಸಾಬೂನಿನ ಛಾಯೆ. ಬಟ್ಟೆಯಲ್ಲಿ ಸೋಸಿ ಕರಿ ಕಷಾಯದ ಹಾಗೆ ಕುಡಿದುಬಿಡಿ.

ಪ್ರಶ್ನೆ (ಇನ್ನೊಬ್ಬರು): ನಮ್ಮಲ್ಲಿ ಹಾಲು ಹಾಕುವುದಿಲ್ಲ, ಕರಿ ಕಷಾಯವೇ. ಆದರೆ ಮೆಣಸಿನ ಖಾರ ಗಂಟಲಿಗೆ ಗೀರಿದ ಹಾಗೆ ಆಗುತ್ತದೆ. ಅಪ್ಪ ಹೇಳುವ ಪ್ರಕಾರ ನೀರು ಎಂಟನೇ ಒಂದು ಭಾಗಕ್ಕೆ ಇಳಿಯಬೇಕು. ಹೌದೇ?

ಉತ್ತರ (ಕಷಾಯ ಪುಡಿ ತಯಾರಕರು, ಶಿರಸಿ): ಅಣ್ಣ, ನಿಮ್ಮ ಅಪ್ಪ ಹೇಳುವುದು ಆಯುರ್ವೇದದ ಔಷಧಿ ಕಷಾಯದ ಲೆಕ್ಕ, ಒಂದು ಪಾಲು ಮೂಲಿಕೆಗೆ 16 ಪಾಲು ನೀರು, ಕುದಿಸಿ ಎಂಟನೇ ಒಂದಕ್ಕೆ ಇಳಿಸುವುದು. ಅದು ವೈದ್ಯರು ಹೇಳಿದ ಗಟ್ಟಿ ಮೂಲಿಕೆಗೆ, ಸಣ್ಣ ಪ್ರಮಾಣದಲ್ಲಿ ಕುಡಿಯಲು. ನಿತ್ಯದ ಕಷಾಯಕ್ಕೆ ಆ ಲೆಕ್ಕ ಹಿಡಿದರೆ ಪರಿಮಳ ಪೂರ್ತಿ ಹಾರಿ ಕಹಿ, ಒಗರು ಮಾತ್ರ ಉಳಿಯುತ್ತದೆ.

ಗಂಟಲು ಗೀರುವುದಕ್ಕೆ ಕಾರಣ, ಮೆಣಸಿನ ಖಾರದ ಅಂಶ ನೀರಿನಲ್ಲಿ ಸರಿಯಾಗಿ ಕರಗುವುದಿಲ್ಲ, ಜಿಡ್ಡಿನಲ್ಲಿ ಕರಗುತ್ತದೆ. ಹಾಲಿದ್ದರೆ ಅದರ ಕೊಬ್ಬು ಖಾರವನ್ನು ಹಿಡಿದುಕೊಳ್ಳುತ್ತದೆ. ಕರಿ ಕಷಾಯಕ್ಕೆ ಲೋಟಕ್ಕೆ ಕಾಲು ಚಮಚ ತುಪ್ಪ ಬಿಡಿ, ಖಾರ ಕಡಿಮೆಯಾಗದೆ ಮೃದುವಾಗುತ್ತದೆ. ಹಸಿ ಎಲೆ ಹಾಕುವುದಿದ್ದರೂ ಕರಿ ಕಷಾಯವೇ ಒಳ್ಳೆಯದು. ನಾಲ್ಕು ತುಳಸಿ ಎಲೆ, ಒಂದು ದೊಡ್ಡಪತ್ರೆ, ಇಲ್ಲವೇ ಒಂದು ಗೇಣು ಮಜ್ಜಿಗೆಹುಲ್ಲು (ನಿಂಬೆಹುಲ್ಲು) ಗಂಟು ಕಟ್ಟಿ. ಮೂರನ್ನೂ ಒಟ್ಟಿಗೆ ಹಾಕಿದರೆ ಯಾವುದರ ರುಚಿಯೂ ತಿಳಿಯುವುದಿಲ್ಲ. ಎಲೆಯನ್ನು ಒಲೆ ಆರಿಸಿದ ಮೇಲೆ ಹಾಕಿ ಮುಚ್ಚಿ. ಜೋನಿ ಬೆಲ್ಲ (ದ್ರವ ಬೆಲ್ಲ) ಸಿಕ್ಕರೆ ಕರಿ ಕಷಾಯಕ್ಕೆ ಅದರಷ್ಟು ಹೊಂದುವುದು ಬೇರೆ ಇಲ್ಲ.

ಪ್ರಶ್ನೆ (ಮೊದಲಿನವರು): ಅತ್ತೆಗೆ ಬಿಪಿ ಇದೆ, ಮಾವನಿಗೆ ಸಕ್ಕರೆ ಕಾಯಿಲೆ. ಅಂಗಡಿಯ ಪುಡಿಯಲ್ಲಿ ಜ್ಯೇಷ್ಠಮಧು ಇರುತ್ತದಲ್ಲ, ಹಾಕಬಹುದೇ?

ಉತ್ತರ (ಕಷಾಯ ಪುಡಿ ತಯಾರಕರು, ಶಿರಸಿ): ಅತ್ತೆಯವರಿಗೆ ಜ್ಯೇಷ್ಠಮಧು ಬೇಡವೇ ಬೇಡ, ನಿತ್ಯ ಸೇವಿಸಿದರೆ ಅದು ರಕ್ತದೊತ್ತಡ ಏರಿಸುತ್ತದೆ. ಪೊಟ್ಟಣದ ಹಿಂದೆ ಅತಿಮಧುರ, ಯಷ್ಟಿಮಧು ಎಂದು ಬರೆದಿದ್ದರೂ ಅದೇ. ಮಾವನವರಿಗೆ ಬೆಲ್ಲವೂ ಸಕ್ಕರೆಯೇ, ಅದರಲ್ಲಿ ವಿನಾಯಿತಿ ಇಲ್ಲ. ಬೆಲ್ಲ ಹಾಕುವ ಮೊದಲೇ ಅವರ ಲೋಟ ಸೋಸಿ ತೆಗೆದಿಡಿ, ಚಿಟಿಕೆ ಉಪ್ಪು ಹಾಕಿದರೆ ಸಪ್ಪೆ ಅನಿಸುವುದಿಲ್ಲ. ಹೊಟ್ಟೆ ಉರಿ ಇರುವವರು ಮೆಣಸು ಬಿಟ್ಟು ಕೊತ್ತಂಬರಿ-ಜೀರಿಗೆ ಮಾತ್ರ ಕುದಿಸಿಕೊಂಡರೆ ಸರಿ.

ಪ್ರಶ್ನೆ: ಕೊನೆಯದಾಗಿ, ಭಜನೆಗೆ 50 ಜನ ಬರುತ್ತಾರೆ. ಅಳತೆ ಹೇಳಿ ಭಟ್ರೇ.

ಉತ್ತರ (ಅಡುಗೆ ಭಟ್ಟರು, ಉಡುಪಿ): ತಲೆಗೆ 120 ಮಿಲಿ ಹಿಡಿದರೆ 6 ಲೀಟರ್. ನೀರು ನಾಲ್ಕೂವರೆ ಲೀಟರ್ (ಅರ್ಧ ಲೀಟರ್ ಕುದಿಯುವಾಗ ಹೋಗುತ್ತದೆ), ಹಾಲು 2 ಲೀಟರ್, ಪುಡಿ 100 ಗ್ರಾಂ, ಬೆಲ್ಲ ಅರ್ಧ ಕೆ.ಜಿ. ಪುಡಿಯನ್ನು ತೆಳು ಪಂಚೆ ಬಟ್ಟೆಯಲ್ಲಿ ಸಡಿಲವಾಗಿ ಗಂಟು ಕಟ್ಟಿ, ಗಂಟಿನ ಅರ್ಧ ಖಾಲಿ ಇರಬೇಕು. ಬಿಗಿಯಾದರೆ ಪುಡಿ ಊದಿ ನಡುವಿನದು ಒಣಗಿದ ಹಾಗೇ ಉಳಿಯುತ್ತದೆ. ಕುದಿ ಬಂದ ಮೇಲೆ 10 ನಿಮಿಷ, ನಡುವೆ ಎರಡು ಸಲ ಸೌಟಿನಿಂದ ಒತ್ತಿ, ಆಮೇಲೆ ಗಂಟು ತೆಗೆದುಬಿಡಿ. ಫ್ಲಾಸ್ಕಿನಲ್ಲಿ ಗಂಟು ಸಮೇತ ಇಟ್ಟರೆ ಬಡಿಸುವ ಹೊತ್ತಿಗೆ ಮತ್ತೆ ಕಹಿ. ಬೆಲ್ಲ ಕರಗಿಸಿ ಸೋಸಿದ ಕಷಾಯ ಒಂದು ಫ್ಲಾಸ್ಕಿನಲ್ಲಿ, ಕಾದ ಹಾಲು ಇನ್ನೊಂದರಲ್ಲಿ ಇರಲಿ. ಮಂಗಳಾರತಿ ಆದ ಮೇಲೆ ಬೆರೆಸಿ.

ಉಳಿದ ಪುಡಿಯನ್ನು ಗಾಜಿನ ಬಾಟಲಿಯಲ್ಲಿ ಹಾಕಿಡಿ, ಒಲೆಯ ಪಕ್ಕ ಬೇಡ, ಒದ್ದೆ ಚಮಚ ತಾಗಬಾರದು. ಎರಡು ತಿಂಗಳು ಪರಿಮಳ ಚೆನ್ನಾಗಿರುತ್ತದೆ. ಆಮೇಲೆ ಅಳತೆ ಏರಿಸಿ ಕುಡಿಯುವ ಬದಲು ಅರ್ಧ ಪ್ರಮಾಣದಲ್ಲಿ ಹೊಸದು ಹುರಿಯಿರಿ.